ದನದಾಸ್ಪತ್ರೆ ಹೋದ ದಾರಿ

ನಮ್ಮ ಮನೆಯಲ್ಲಿ ಯಾವ ಕಾಗದವನ್ನೂ ಒಂದೇ ಸಲ ಓದಿ ಸಹಿ ಹಾಕುವ ಅಭ್ಯಾಸ ಇರಲಿಲ್ಲ. ಹೊಳೆನರಸೀಪುರದಲ್ಲಿ ಹೈಸ್ಕೂಲು ಮೇಷ್ಟರಾಗಿದ್ದ ನಮ್ಮಪ್ಪ ಗ್ಯಾಸ್ ಸಿಲಿಂಡರಿನ ರಸೀದಿಯನ್ನೂ ಕಿಟಕಿಯ ಬೆಳಕಿಗೆ ಹಿಡಿದು ಎರಡೆರಡು ಸಲ ಓದುತ್ತಿದ್ದರು. ಸಿಲಿಂಡರ್ ತಂದವನು ಬಾಗಿಲಲ್ಲಿ ಬೆವರು ಒರೆಸಿಕೊಳ್ಳುತ್ತ ನಿಂತಿರುತ್ತಿದ್ದ. "ಬರೆದವನು ಏನೋ ಒಂದು ಮನಸ್ಸಿನಲ್ಲಿ ಇಟ್ಟುಕೊಂಡೇ ಬರೆದಿರ್ತಾನೆ" ಎನ್ನುತ್ತಿದ್ದರು ಅಪ್ಪ. ಈ ಗುಮಾನಿಯ ಗುಣ ನನಗೂ ಬಂತು. ಹಾಸನದ ಒಂದು ಕಾಲೇಜಿನಲ್ಲಿ ಅತಿಥಿ ಉಪನ್ಯಾಸಕಿಯಾಗಿ ರಾಜ್ಯಶಾಸ್ತ್ರ ಪಾಠ ಮಾಡುತ್ತ, ಮೂವತ್ತು ದಾಟಿದ ಮೇಲೆ ಪಿಎಚ್‌ಡಿಗೆ ಸೇರಿದಾಗ, ಇದೇ ನನ್ನ ಬಂಡವಾಳ ಅಂದುಕೊಂಡೆ.

ಸರ್ಕಾರ ತೀರ್ಮಾನಗಳನ್ನು ಹೇಗೆ ತೆಗೆದುಕೊಳ್ಳುತ್ತದೆ ಎನ್ನುವುದು ನನ್ನ ವಿಷಯ. ಪುಸ್ತಕಗಳಲ್ಲಿ ಅದಕ್ಕೆ ಚೆಂದದ ಚಿತ್ರಗಳಿದ್ದವು. ಒಂದು ಚೌಕದಲ್ಲಿ ಸಮಸ್ಯೆ, ಮುಂದಿನ ಚೌಕದಲ್ಲಿ ಪರ್ಯಾಯಗಳು, ಆಮೇಲೆ ಪರಿಶೀಲನೆ, ಕೊನೆಯಲ್ಲಿ ಆದೇಶ. ಚೌಕದಿಂದ ಚೌಕಕ್ಕೆ ಬಾಣದ ಗುರುತು. ನನಗೆ ಆ ಬಾಣಗಳ ಮೇಲೆ ನಂಬಿಕೆ ಇರಲಿಲ್ಲ. ನನ್ನ ಮಾರ್ಗದರ್ಶಕರಾದ ಪ್ರೊಫೆಸರರಿಗೂ ಇರಲಿಲ್ಲ.

"ದೊಡ್ಡ ಯೋಜನೆ ಹಿಡ್ಕೊಂಡ್ರೆ ಮುಳುಗಿ ಹೋಗ್ತೀಯಮ್ಮ" ಎಂದರು ಅವರು. "ಒಂದು ಸಣ್ಣ ಆದೇಶ ಹಿಡ್ಕೋ. ಅದರಿಂದ ಯಾರಿಗೆ ಲಾಭ ಆಯ್ತು ಅಂತ ಮೊದಲು ನೋಡು. ಅವನ ಮನೆ ಬಾಗಿಲಿಂದ ಹಿಂದಕ್ಕೆ ನಡಕೊಂಡು ಹೋಗು. ತೀರ್ಮಾನ ಹುಟ್ಟಿದ ಜಾಗ ಸಿಗುತ್ತೆ."

ಸಣ್ಣ ಆದೇಶ ತರಗತಿಯಲ್ಲೇ ಸಿಕ್ಕಿತು. ಅರಕಲಗೂಡು ಕಡೆಯಿಂದ ಬರುತ್ತಿದ್ದ ಒಬ್ಬ ವಿದ್ಯಾರ್ಥಿನಿ, ತಮ್ಮೂರಿನ ದನದಾಸ್ಪತ್ರೆಯನ್ನು ಯಾರೋ ಎತ್ತಿಕೊಂಡು ಹೋಗಿ ಮೇನ್ ರೋಡಿನ ಊರಿನಲ್ಲಿ ಇಟ್ಟುಬಿಟ್ಟರು ಎಂದಳು. ಆಸ್ಪತ್ರೆಯನ್ನು ಎತ್ತಿಕೊಂಡು ಹೋಗುವುದು ಎಂದರೇನು ಎಂದು ಉಳಿದವರು ನಕ್ಕರು. ಅವಳು ನಗಲಿಲ್ಲ.

ಮುಂದಿನ ಭಾನುವಾರವೇ ನಾನು ಆ ಊರಿಗೆ ಹೋದೆ. ಅರಕಲಗೂಡಿನಲ್ಲಿ ಬಸ್ಸು ಬದಲಾಯಿಸಿ, ಹೊಗೆಸೊಪ್ಪು ಬೇಯಿಸುವ ಮನೆಗಳನ್ನು ದಾಟಿ, ಕೊನೆಯ ಒಂದು ಮೈಲಿ ನಡೆದೆ. ಹಳೆಯ ಆಸ್ಪತ್ರೆ ಇದ್ದ ಜಾಗದಲ್ಲಿ ಸಮುದಾಯ ಭವನದ ಕಂಬಗಳು ನಿಂತಿದ್ದವು, ಮೇಲ್ಛಾವಣಿ ಇರಲಿಲ್ಲ. ಹಸುಗಳನ್ನು ನಿಲ್ಲಿಸಿ ಚಿಕಿತ್ಸೆ ಮಾಡುವ ಕಬ್ಬಿಣದ ಕಟಕಟೆ ಮಾತ್ರ ಅಲ್ಲೇ ಉಳಿದಿತ್ತು. ಅದರ ಮೇಲೆ ಯಾರೋ ಕಂಬಳಿ ಒಣಹಾಕಿದ್ದರು.

ಆ ಜಾಗದ ಎದುರು ಮನೆಯಲ್ಲಿ ಅರವತ್ತು ದಾಟಿದ ಒಬ್ಬ ಗೌಡತಿ ಇದ್ದರು. ಎರಡು ಹಸು, ಒಂದು ಎಮ್ಮೆ ಕಟ್ಟಿಕೊಂಡು ಡೈರಿಗೆ ಹಾಲು ಹಾಕುತ್ತಿದ್ದ ಹೆಂಗಸು. ಎರಡು ಹಸುಗಳಲ್ಲಿ ಈಗ ಒಂದೇ ಇತ್ತು. ನನ್ನ ಕೈಯಲ್ಲಿದ್ದ ನೋಟ್‌ಬುಕ್ಕನ್ನು ನೋಡಿ ಅವರು ಮೊದಲು ಕೇಳಿದ್ದು, "ಯಾವ ಆಫೀಸು?" ಎಂದು.

ಯಾವ ಆಫೀಸೂ ಅಲ್ಲ, ಓದುತ್ತಿದ್ದೇನೆ ಎಂದೆ.

"ಇಷ್ಟು ವಯಸ್ಸಾದ್ ಮ್ಯಾಕೆ ಎಂತಾ ಓದು" ಎಂದು ನನ್ನನ್ನು ಮೇಲಿಂದ ಕೆಳಗೆ ನೋಡಿದರು. ನಂಬಲಿಲ್ಲ. ಆದರೂ ಜಗಲಿಯ ಮೇಲೆ ಕೂರಲು ಜಾಗ ಮಾಡಿಕೊಟ್ಟರು. ಹಸುವಿನ ವಿಚಾರ ತೆಗೆದ ಮೇಲೆ ಅವರ ಮಾತು ನಿಲ್ಲಲಿಲ್ಲ.

"ಬೆಳಗಾಗೆದ್ದು ನೋಡ್ತೀನಿ, ನೋವು ತಿಂತಾ ಮಲಗೈತೆ ಕಣವ್ವ. ಕರ ಅಡ್ಡ ತಿರುಗ್ಬುಟ್ಟಿತ್ತು. ಮೊದ್ಲಾಗಿದ್ರೆ ಇಲ್ಲಿ ನಿಂತು ಕೂಗುದ್ರೆ ಡಾಕ್ಟ್ರಿಗೆ ಕೇಳಿಸೋದು. ಈಗ ಪೋನ್ ಮಾಡಿದ್ರೆ ಇನ್ನೊಂದ್ ಊರಲ್ಲಿದೀನಿ, ಬತ್ತೀನಿ ಅಂತಾನೆ. ಬಂದ. ಬರಾಕಿಲ್ಲ ಅಂತ ನಾನು ಯೋಳಾಕಿಲ್ಲ. ಅವ್ನು ಬರೋವತ್ಗೆ ಅಸ ಕಣ್ಣು ಮ್ಯಾಕ್ ಮಾಡ್ಬುಟ್ಟಿತ್ತು."

"ಆಸ್ಪತ್ರೆ ಯಾಕೆ ಹೋಯಿತು ಅಮ್ಮ?"

"ಇನ್ಯಾಕೆ? ಅವ್ನಿಗೆ ಆಸನದಿಂದ ಬಸ್ಸಲ್ಲಿ ಬಂದು ಬಸ್ಸಲ್ಲೇ ಓಗಬೇಕು. ಇಲ್ಲಿಗಾದ್ರೆ ನಡೀಬೇಕಲ್ಲ. ಅವ್ನೇ ಬರ್ದು ತಗೊಂಡೋಗವ್ನೆ."

ಊರಿನ ಪಂಚಾಯ್ತಿಯ ಮಾಜಿ ಮೆಂಬರರೂ ಅದನ್ನೇ ಹೇಳಿದರು. ಸಮುದಾಯ ಭವನದ ಕೆಲಸ ನೋಡಿಕೊಳ್ಳುತ್ತಿದ್ದವರು ಅವರೇ. "ಡಾಕ್ಟ್ರು ಮೇಲಿನವ್ರನ್ನ ಇಡ್ಕಂಡು ಮಾಡ್ಸವ್ರೆ ಮೇಡಂ. ನಮ್ಮೂರ್ನೋರು ಮುಗ್ಧರು, ಯಾರೂ ಕೇಳ್ಲಿಲ್ಲ." ಭವನ ಕಟ್ಟುತ್ತಿರುವುದು ಆಸ್ಪತ್ರೆಯ ಜಾಗದಲ್ಲೇ ಅಲ್ಲವೇ ಎಂದು ಕೇಳಿದೆ. "ಖಾಲಿ ಬಿದ್ದಿತ್ತು, ಕಟ್ತಾ ಇದೀವಿ" ಎಂದರು. ಆ ಉತ್ತರ ಸ್ವಲ್ಪ ಬೇಗ ಬಂತು ಅನ್ನಿಸಿತು. ಆದರೆ ನಾನು ಹೊರಟಿದ್ದು ಲಾಭ ಪಡೆದವನ ಬಾಗಿಲಿಗೆ. ಅದು ಡಾಕ್ಟರದು ಎಂದು ಆಗಲೇ ಮನಸ್ಸಿನಲ್ಲಿ ನಿರ್ಧರಿಸಿಯಾಗಿತ್ತು.

ಮೇನ್ ರೋಡಿನ ಊರಿನಲ್ಲಿ ಪಶುವೈದ್ಯರು ನಲವತ್ತೈದರ ಆಸುಪಾಸಿನ, ಮಿತವಾಗಿ ಮಾತಾಡುವ ಮನುಷ್ಯ. ನಾನು ಒಳಗೆ ಹೋಗುತ್ತಿದ್ದಂತೆ ಮೇಜಿನ ಮೇಲಿದ್ದ ಒಂದಷ್ಟು ಕಾಗದಗಳನ್ನು ಡ್ರಾಯರಿಗೆ ಸೇರಿಸಿ ಮುಚ್ಚಿದರು. ನನ್ನ ಪರಿಚಯ ಪತ್ರ ಓದಿದರು. ಹಿಂದೆ ತಿರುಗಿಸಿ ಖಾಲಿ ಪುಟವನ್ನೂ ನೋಡಿದರು.

"ಯಾರು ಕಳಿಸಿದ್ದು ನಿಮ್ಮನ್ನ?"

"ಯಾರೂ ಇಲ್ಲ ಸರ್. ಸಂಶೋಧನೆಗೆ ಬಂದಿದ್ದೀನಿ."

"ಸ್ಥಳಾಂತರದ ವಿಚಾರ ನಾನು ಮಾತಾಡೋ ಹಾಗಿಲ್ಲ ಮೇಡಂ. ಇಲಾಖೆಗೆ ಬರೆದು ಕೇಳಿ."

"ನಿಮಗೆ ಈ ಜಾಗ ಅನುಕೂಲ ಅಂತ ಊರಿನವರು ಹೇಳ್ತಾರೆ."

"ಹೇಳ್ತಾರೆ" ಎಂದರು ಅವರು. ಅಷ್ಟೇ. ಎದ್ದು ಹೋಗಿ ಹೊರಗೆ ಕಾಯುತ್ತಿದ್ದ ಮೇಕೆಯ ಬಾಯಿ ಬಿಡಿಸಿ ನೋಡತೊಡಗಿದರು.

ಬಸ್ ಸ್ಟಾಪಿನಲ್ಲಿ ನಿಂತು ನೋಟ್‌ಬುಕ್ಕಿನಲ್ಲಿ ಬರೆದುಕೊಂಡೆ: ಡ್ರಾಯರು ಮುಚ್ಚಿದರು. ಪ್ರಶ್ನೆಗೆ ಉತ್ತರವಿಲ್ಲ. ಏನೋ ಮುಚ್ಚಿಡುತ್ತಿದ್ದಾರೆ.

ಅದೇ ವಾರ ಮಾಹಿತಿ ಹಕ್ಕಿನಲ್ಲಿ ಕಡತದ ಪ್ರತಿ ಕೇಳಿ ಅರ್ಜಿ ಹಾಕಿದೆ. ಕಡತ ಹುಡುಕಲಾಗುತ್ತಿದೆ ಎಂಬ ಉತ್ತರ ಬಂತು. ಹುಡುಕುವುದು ಮುಗಿಯಲಿಲ್ಲ. ಮೇಲ್ಮನವಿ ಸಲ್ಲಿಸಿದೆ. ಅಷ್ಟರಲ್ಲಿ ಹಾಸನದಲ್ಲಿ ಒಂದು ವಿಚಾರ ಸಂಕಿರಣ ಬಂತು. ಕಡತ ಬರುವವರೆಗೆ ಕಾಯೋಣವೇ ಎಂದು ಪ್ರೊಫೆಸರರನ್ನು ಕೇಳಿದಾಗ ಅವರು ಹೇಳಿದ್ದು, "ಕಡತ ಸಿಗದೇ ಇರೋದೇ ಒಂದು ಸಾಕ್ಷಿ ಅಲ್ವೇನಮ್ಮ" ಎಂದು. ಆ ಮಾತು ನನಗೆ ಹಿತವಾಗಿತ್ತು. ಅದಕ್ಕೇ ಅದನ್ನು ಎರಡನೇ ಸಲ ಯೋಚಿಸಲಿಲ್ಲ.

ಕೆಳಹಂತದ ಸಿಬ್ಬಂದಿಯ ಅನುಕೂಲವೇ ಹೇಗೆ ಸರ್ಕಾರದ ನೀತಿಯಾಗಿ ಹೊರಬರುತ್ತದೆ ಎಂಬುದು ನನ್ನ ಪ್ರಬಂಧದ ಸಾರ. ಊರಿನ ಹೆಸರಾಗಲಿ ಡಾಕ್ಟರ ಹೆಸರಾಗಲಿ ಅದರಲ್ಲಿ ಇರಲಿಲ್ಲ. ಸತ್ತ ಹಸು ಇತ್ತು, ಬಸ್ಸಿನ ರಸ್ತೆ ಇತ್ತು, ಮುಚ್ಚಿದ ಡ್ರಾಯರೂ ಇತ್ತು. ಸಭೆ ಮುಗಿದ ಮೇಲೆ ನಾಲ್ಕಾರು ಮಂದಿ ಬಂದು ಕೈಕುಲುಕಿದರು. ಎರಡು ದಿನ ಬಿಟ್ಟು ಒಂದು ಸ್ಥಳೀಯ ಪತ್ರಿಕೆಯ ಒಳಪುಟದಲ್ಲಿ ಅದರ ವರದಿ ಬಂತು. ವರದಿಗಾರನಿಗೆ ಅದು ಯಾವ ಊರು ಎಂದು ಊಹಿಸುವುದು ಕಷ್ಟವಾಗಿರಲಿಲ್ಲ. ಇಲಾಖೆಯವರು ಡಾಕ್ಟರಿಂದ ವಿವರಣೆ ಕೇಳಿದ್ದಾರೆ ಎಂದು ನನ್ನ ವಿದ್ಯಾರ್ಥಿನಿ ಹೇಳಿದಳು. ಕೆಲವು ತಿಂಗಳ ನಂತರ ಅವರಿಗೆ ಚನ್ನರಾಯಪಟ್ಟಣದ ಕಡೆಗೆ ವರ್ಗವಾಯಿತು. ವರ್ಗಾವಣೆಯ ಕಾಲ, ಅನೇಕರಿಗೆ ಆಗಿತ್ತು. ಪತ್ರಿಕೆಯ ಸುದ್ದಿಗೂ ಅದಕ್ಕೂ ಸಂಬಂಧ ಇತ್ತೋ ಇಲ್ಲವೋ ನನಗೆ ಇವತ್ತಿಗೂ ಗೊತ್ತಿಲ್ಲ.

ಆಮೇಲೆ ಕಡತ ಬಂತು. ಕಂದು ಲಕೋಟೆಯಲ್ಲಿ, ಅಂಚೆಯಲ್ಲಿ, ಹೊಳೆನರಸೀಪುರದ ಮನೆಗೆ. ಅಡುಗೆಮನೆಯ ಮೇಜಿನ ಮೇಲೆ ಹಾಳೆಗಳನ್ನು ಒಂದೊಂದಾಗಿ ಹರಡಿದೆ.

ಮೊದಲನೆಯದು ಊರಿನವರ ಮನವಿ. ಸಮುದಾಯ ಭವನ ಕಟ್ಟಲು ಜಾಗ ಬೇಕಾಗಿರುವುದರಿಂದ, ಕಟ್ಟಡ ಮುಗಿದು ಅದರ ಪಕ್ಕದಲ್ಲಿ ಬೇರೆ ಕೊಠಡಿ ಮಾಡಿಕೊಡುವವರೆಗೆ ಪಶು ಆಸ್ಪತ್ರೆಯನ್ನು ತಾತ್ಕಾಲಿಕವಾಗಿ ಮೇನ್ ರೋಡಿನ ಊರಿಗೆ ಸ್ಥಳಾಂತರಿಸಬೇಕು ಎಂದಿತ್ತು. ಕೆಳಗೆ ಸಾಲುಸಾಲು ಸಹಿ ಮತ್ತು ಹೆಬ್ಬೆಟ್ಟು. ಮೊದಲ ಸಹಿ ಮಾಜಿ ಮೆಂಬರರದು. ಎರಡನೇ ಹಾಳೆಯ ಮಧ್ಯದಲ್ಲಿ ನಾನು ಜಗಲಿಯ ಮೇಲೆ ಕೂತು ಮಾತಾಡಿಸಿದ್ದ ಗೌಡತಿಯ ಹೆಸರು, ಪಕ್ಕದಲ್ಲಿ ನೀಲಿ ಹೆಬ್ಬೆಟ್ಟು.

ಮೂರನೆಯದು ಡಾಕ್ಟರ ಅಭಿಪ್ರಾಯ. ಈ ಊರಿನಲ್ಲಿ ಹಾಲು ಕರೆಯುವ ರಾಸುಗಳು ಹೆಚ್ಚು, ಕರು ಹಾಕುವ ಸಮಯದಲ್ಲಿ ತೊಂದರೆಯಾದೀತು, ಆದ್ದರಿಂದ ಸ್ಥಳಾಂತರ ಬೇಡ ಎಂದು ಕೈಬರಹದಲ್ಲಿ ಬರೆದು ಸಹಿ ಮಾಡಿದ್ದರು.

ನಾನು ಆ ಹಾಳೆಯನ್ನು ಎಷ್ಟು ಸಲ ಓದಿದೆನೋ. ಅಮ್ಮ ಬಂದು ಯಾರ ಪತ್ರ ಎಂದು ಕೇಳಿದರು. ಡಾಕ್ಟರದು ಎಂದು ಹೇಳಿ ಮುಂದಿನ ಹಾಳೆ ಎತ್ತಿಕೊಂಡೆ.

ನಾಲ್ಕನೆಯದು ಕಚೇರಿಯ ಟಿಪ್ಪಣಿ ಹಾಳೆ. ಅದರಲ್ಲಿ "ವಿಷಯ" ಎಂಬುದರ ಮುಂದೆ, "ಗ್ರಾಮಸ್ಥರ ಕೋರಿಕೆಯಂತೆ ಪಶು ಆಸ್ಪತ್ರೆ ಸ್ಥಳಾಂತರ" ಎಂದಿತ್ತು. ತಾತ್ಕಾಲಿಕ ಎಂಬ ಪದ ಅಲ್ಲಿ ಇರಲಿಲ್ಲ. ಕೆಳಗಿನ ಟಿಪ್ಪಣಿಯಲ್ಲೂ ಇರಲಿಲ್ಲ. ಡಾಕ್ಟರ ಅಭಿಪ್ರಾಯ "ಲಗತ್ತಿಸಿದೆ" ಎಂಬ ಒಂದೇ ಮಾತಿನಲ್ಲಿ ಮುಗಿದಿತ್ತು. ಅಲ್ಲಿಂದ ಮೇಲಕ್ಕೆ ಹೋದವರೆಲ್ಲ ಆ ಒಂದು ಸಾಲನ್ನು ಓದಿ ಸಹಿ ಹಾಕಿದ್ದರು. ಕೊನೆಗೆ ಬಂದ ಆದೇಶ, ಸ್ಥಳಾಂತರಿಸಲಾಗಿದೆ.

ನಾನು ಮತ್ತೆ ಆ ಊರಿಗೆ ಹೋದೆ. ಮಾಜಿ ಮೆಂಬರರು ಹಾಳೆ ನೋಡಿ, "ಇದು ನಮ್ದೇ. ಆದ್ರೆ ನಾವು ಕೊಟ್ಟಿದ್ದು ಆರ್ ತಿಂಗ್ಳಿಗೆ ಅಂತ" ಎಂದರು. ಹಾಗಿದ್ದರೆ ಮೊದಲೇ ಯಾಕೆ ಹೇಳಲಿಲ್ಲ ಎಂದೆ. "ನೀವು ಮನವಿ ವಿಚಾರ ಕೇಳ್ಲಿಲ್ವಲ್ಲ ಮೇಡಂ. ಡಾಕ್ಟ್ರ ವಿಚಾರ ಕೇಳುದ್ರಿ."

ನಿಜ, ಹಾಗೆ ಕೇಳಿರಲಿಲ್ಲ.

ಗೌಡತಿಯ ಮನೆ ಜಗಲಿಯ ಮೇಲೆ ಕೂತು ಮನವಿಯನ್ನು ಅವರಿಗೆ ಓದಿ ಹೇಳಿದೆ. ಡಾಕ್ಟರು ಬರೆದದ್ದನ್ನೂ ಓದಿದೆ. ಅವರು ರಾಗಿ ಕೇರುತ್ತಿದ್ದವರು ಮೊರ ಕೆಳಗಿಟ್ಟರು.

"ಅದ್ರಾಗೆ ನಂದೂ ಐತಾ?"

ಸುಳ್ಳು ಹೇಳಬಹುದಿತ್ತು. ಅವರು ಓದಿ ನೋಡುವವರಲ್ಲ. "ಇದೆ ಅಮ್ಮ" ಎಂದೆ.

ಅವರು ಹಾಳೆ ಇಸಿದುಕೊಂಡು ಹೆಬ್ಬೆಟ್ಟಿನ ಗುರುತನ್ನು ದಿಟ್ಟಿಸಿ ನೋಡಿದರು. ತಮ್ಮ ಬೆರಳನ್ನೂ ನೋಡಿಕೊಂಡರು. "ಬವನಕ್ಕೆ ಅಂದ್ರು, ಒತ್ತುದೆ. ಆಸ್ಪತ್ರೆ ಅಂತ ಯಾರೂ ಅನ್ಲಿಲ್ಲ." ಆ ಹಾಳೆಯನ್ನು ನನ್ನ ಕಡೆ ತಳ್ಳಿ, ಡಾಕ್ಟರ ಹಾಳೆಯನ್ನು ತೋರಿಸಿದರು. "ಇದು ಈಗ ಬರ್ಕೊಂಡಿರೋ ಕಾಗ್ದ ಇದ್ದಾತು. ಡಾಕ್ಟ್ರು ನಿಂಗೆ ಏನ್ ಕೊಟ್ಟ?"

"ಏನೂ ಕೊಟ್ಟಿಲ್ಲ ಅಮ್ಮ. ಅವರು ನನ್ನ ಹತ್ರ ಮಾತೇ ಆಡಿಲ್ಲ."

"ಮೊದ್ಲು ಬಂದಾಗ ಅವ್ನ್ ಮ್ಯಾಲೆ ಬರ್ಕೊಂಡ್ ಓದೆ. ಈಗ ಅವ್ನ್ ಕಡೆ ಮಾತಾಡ್ತೀಯ. ನಾವು ಯಾವ್ದ ನಂಬೋದು?"

ಅವರು ಎದ್ದು ಎಮ್ಮೆಗೆ ಹುಲ್ಲು ಹಾಕಲು ಹೋದರು. ತಿರುಗಿ ಬಂದು ಮಾತಾಡುತ್ತಾರೆಂದು ಕಾದೆ. ಬರಲಿಲ್ಲ.

ಉಳಿದದ್ದು ಆ ಪದ ಬಿಟ್ಟವರು ಯಾರು ಎಂಬ ಪ್ರಶ್ನೆ. ಟಿಪ್ಪಣಿ ಬರೆದಿದ್ದ ಗುಮಾಸ್ತರು ನಿವೃತ್ತರಾಗಿ ಚನ್ನರಾಯಪಟ್ಟಣದ ಹತ್ತಿರ ಇದ್ದಾರೆಂದು ತಿಳಿಯಿತು. ಒಂದು ಶನಿವಾರ ಬೆಳಿಗ್ಗೆ ಹೋದೆ. ತೆಂಗಿನ ಸಸಿಗಳಿಗೆ ನೀರು ಬಿಡುತ್ತಿದ್ದ ಅವರು, ಪಂಚೆ ಸರಿಮಾಡಿಕೊಂಡು ಬಂದು ಎಳನೀರು ಕೆತ್ತಿಸಿ ಕೊಟ್ಟರು. ಟಿಪ್ಪಣಿ ಹಾಳೆಯನ್ನು ತೋರಿಸಿದಾಗ ಕನ್ನಡಕ ಹಾಕಿಕೊಂಡು, ತಮ್ಮ ಅಕ್ಷರವನ್ನು ಸಂತೋಷದಿಂದಲೇ ಗುರುತಿಸಿದರು.

"ತಾತ್ಕಾಲಿಕ ಅನ್ನೋದು ಯಾಕೆ ಬಿಟ್ಟು ಹೋಯಿತು ಸರ್?"

"ವಿಷಯ ಅಂದ್ರೆ ಒಂದ್ ಸಾಲು ತಾಯಿ. ಮನವಿ ಪೂರ್ತಿ ಅದ್ರಲ್ಲಿ ಹಿಡಿಯಲ್ಲ. ದಿನಕ್ಕೆ ಮೇಜಿನ ಮೇಲೆ ಒಂದು ಹೊರೆ ಬರೋದು. ಮನವಿ ಲಗತ್ತಿಸಿದೀನಲ್ಲ, ಬೇಕಾದವ್ರು ತಿರುವಿ ನೋಡ್ಬಹುದಾಗಿತ್ತು."

"ಯಾರೂ ತಿರುವಿ ನೋಡಲಿಲ್ಲ."

"ನೋಡಲ್ಲ" ಎಂದು ಅವರು ಒಪ್ಪಿಕೊಂಡರು. "ನಾವು ಬರೆದಿದ್ದೇ ಮೇಲಿನವ್ರಿಗೆ ಊರು. ಅವ್ರು ಆ ಊರು ನೋಡಿರಲ್ಲ."

ಅಷ್ಟೂ ಪುಸ್ತಕಗಳಲ್ಲಿ ನನಗೆ ಸಿಗದಿದ್ದದ್ದನ್ನು ಆ ಮನುಷ್ಯ ಎರಡು ಮಾತಿನಲ್ಲಿ ಹೇಳಿದ್ದರು. ಅದನ್ನು ಬರೆದುಕೊಳ್ಳುತ್ತಿದ್ದಾಗ ಅವರು ಸಹಜವಾಗಿ, ನಗುತ್ತ ಮುಂದುವರಿಸಿದರು. "ಆ ಮೇನ್ ರೋಡ್ ಊರು ನಂಗೆ ಚೆನ್ನಾಗ್ ಗೊತ್ತು. ನಮ್ಮನೆಯವ್ರ ತೌರೂರು ಅದೇ. ನಮ್ಮ ಬಾಮೈದುಂದು ಅಲ್ಲಿ ದೊಡ್ಡ ಕೊಟ್ಟಿಗೆ, ಹತ್ತಾರು ರಾಸು."

ನನ್ನ ಪೆನ್ನು ನಿಂತಿತು. ಅವರ ಮುಖ ನೋಡಿದೆ. ಅಲ್ಲಿ ಏನೂ ಇರಲಿಲ್ಲ. ಏನೋ ಇರುವವರು ಇದನ್ನು ತಾವಾಗಿ ಹೇಳುತ್ತಾರೆಯೇ? ಅಥವಾ ಆಮೇಲೆ ನನಗೆ ಬೇರೆ ಯಾರಿಂದಲಾದರೂ ಗೊತ್ತಾಗುವ ಮೊದಲು ತಾವೇ ಹೇಳಿಬಿಡುವುದು ಜಾಣತನವೇ? ಎಳನೀರಿನ ಬುರುಡೆಯನ್ನು ಕೈಯಲ್ಲಿ ಹಿಡಿದುಕೊಂಡೇ ಕೂತಿದ್ದೆ. ಅವರು ಇನ್ನೊಂದು ಕೆತ್ತಿಸಲೇ ಎಂದು ಕೇಳಿದರು.

ಅಲ್ಲಿಂದ ಡಾಕ್ಟರ ಹೊಸ ಜಾಗಕ್ಕೆ ಮುಕ್ಕಾಲು ಗಂಟೆಯ ದಾರಿ. ನಾನು ಕ್ಷಮೆ ಕೇಳಲು ಹೋಗುತ್ತಿದ್ದೆ. ಆದರೆ ಬಸ್ಸಿನಲ್ಲಿ ಪೂರ್ತಿ ಬಾಮೈದನ ಕೊಟ್ಟಿಗೆಯದೇ ಯೋಚನೆ. ಲಾಭ ಪಡೆದವನ ಬಾಗಿಲು ಈಗ ಸರಿಯಾಗಿ ಸಿಕ್ಕಿತು ಎಂದು ಮನಸ್ಸು ಒಳಗೊಳಗೇ ಹಿಗ್ಗುತ್ತಿತ್ತು.

ಡಾಕ್ಟರು ನನ್ನನ್ನು ಗುರುತು ಹಿಡಿದರು. ಕೂರಿ ಎನ್ನಲಿಲ್ಲ. ನಿಂತೇ ಹೇಳಿದೆ, ಕಡತ ಸಿಕ್ಕಿತು, ನೀವು ಬರೆದದ್ದು ಓದಿದೆ, ನನ್ನಿಂದ ತಪ್ಪಾಯಿತು ಎಂದು. ಅವರು ಕೈ ತೊಳೆಯುತ್ತಿದ್ದರು. ತೊಳೆದು, ಒರೆಸಿಕೊಂಡು, ಕುರ್ಚಿ ಎಳೆದು ಕೂತರು. ನನಗೂ ಸ್ಟೂಲು ತೋರಿಸಿದರು.

"ಪೇಪರಲ್ಲಿ ಡ್ರಾಯರ್ ವಿಚಾರ ಬಂದಿತ್ತು" ಎಂದರು. "ನಮ್ಮನೇಲಿ ಮಗಳು ಓದಿ, ಅಪ್ಪ ಡ್ರಾಯರಲ್ಲಿ ಏನಿತ್ತು ಅಂತ ಕೇಳಿದಳು."

ನಾನು ತಲೆ ತಗ್ಗಿಸಿದೆ.

"ಮೂಗರ್ಜಿಗಳು ಮೇಡಂ. ಹೆಸರಿಲ್ಲ, ಸಹಿ ಇಲ್ಲ. ಡಾಕ್ಟರು ದುಡ್ಡು ಕೇಳ್ತಾನೆ, ಡಾಕ್ಟರು ಬರಲ್ಲ ಅಂತ. ಒಂದೊಂದಕ್ಕೂ ನಾನು ವಿವರಣೆ ಬರೀಬೇಕು. ಅವತ್ತು ಬೆಳಿಗ್ಗೆ ಇನ್ನೊಂದು ಬಂದಿತ್ತು. ಮಧ್ಯಾಹ್ನ ನೀವು ಬಂದ್ರಿ. ನೀವೇ ಬರೆದಿರಬಹುದು ಅಂತ ನನಗೆ ಅನುಮಾನ."

"ನಾನಾ?"

"ಅಕ್ಷರ ಓದಿದವರದ್ದಿತ್ತು."

ಆಮೇಲೆ ಅವರೇ ಹೇಳಿದರು, "ಒಂದು ಹೇಳ್ತೀನಿ. ಬಸ್ ರೋಡಿಗೆ ಬಂದಿದ್ದು ನನಗೆ ಅನುಕೂಲವೇ ಆಯ್ತು. ಬೇಡ ಅಂತ ಬರೆದವನು ನಾನೇ. ಆದೇಶ ಬಂದಾಗ ಒಳಗೊಳಗೇ ಹಗುರ ಅನ್ನಿಸಿದ್ದೂ ನನಗೇ. ಆ ಅಮ್ಮನ ಹಸು ಸತ್ತ ದಿನ ಅದು ನೆನಪಾಯ್ತು."

ಅವರ ಪ್ರಾಮಾಣಿಕತೆಗೆ ಸಮನಾಗಿ ನಾನೂ ಏನಾದರೂ ಕೊಡಬೇಕು ಅನ್ನಿಸಿ, ಗುಮಾಸ್ತರ ಬಾಮೈದನ ವಿಚಾರ ಬಾಯಿಬಿಟ್ಟೆ. ಅವರು ಕೇಳಿಸಿಕೊಂಡು, ನನ್ನ ನೋಟ್‌ಬುಕ್ಕನ್ನು ನೋಡಿದರು.

"ಅವರ ಮೇಲೂ ಬರೀತೀರಾ?"

ಆ ಪ್ರಶ್ನೆಯಲ್ಲಿ ಕೋಪ ಇರಲಿಲ್ಲ. ಅವರಿಗೆ ನಿಜವಾಗಿಯೂ ತಿಳಿಯಬೇಕಾಗಿತ್ತು.

ನಾನು ಬರೆಯಲಿಲ್ಲ. ಪಿಎಚ್‌ಡಿ ಪ್ರಬಂಧದಲ್ಲಿ ಈ ಆಸ್ಪತ್ರೆಯ ಅಧ್ಯಾಯವನ್ನು ಮೊದಲಿನಿಂದ ಮತ್ತೆ ಬರೆದೆ. ಒಂದು ಪದ ಯಾವ ಹಾಳೆಯಲ್ಲಿ ಇತ್ತು, ಯಾವ ಹಾಳೆಯಲ್ಲಿ ಇರಲಿಲ್ಲ, ಅದರ ನಡುವೆ ಎಷ್ಟು ಜನ ಸಹಿ ಹಾಕಿದರು ಎಂಬುದಷ್ಟನ್ನೇ ಇಟ್ಟೆ. ಸಂಕಿರಣದ ಪ್ರಬಂಧ ತಪ್ಪಾಗಿತ್ತೆಂದು ಸಂಘಟಕರಿಗೂ ಆ ಪತ್ರಿಕೆಗೂ ಬರೆದೆ. ಸಂಘಟಕರು ಉತ್ತರಿಸಿದರು. ಪತ್ರಿಕೆಯಲ್ಲಿ ಅದು ಬರಲಿಲ್ಲ. ಪ್ರೊಫೆಸರರು ಹೊಸ ಅಧ್ಯಾಯ ಓದಿ, "ಇದರಲ್ಲಿ ಮಾಡಿದವನೇ ಇಲ್ವಲ್ಲಮ್ಮ" ಎಂದರು. ಇದ್ದಾರೋ ಇಲ್ಲವೋ ನನಗೆ ಗೊತ್ತಾಗಲಿಲ್ಲ ಸರ್, ಎಂದೆ. ಗೊತ್ತಾಗಲಿಲ್ಲ ಎನ್ನುವುದನ್ನು ಪಿಎಚ್‌ಡಿಯಲ್ಲಿ ಬರೆಯುವಂತಿಲ್ಲ ಎಂದು ಅವರು ಬೇಸರಪಟ್ಟರು. ಕೊನೆಗೆ ಬರೆಯಲು ಬಿಟ್ಟರು.

ಆಸ್ಪತ್ರೆಯನ್ನು ಹಿಂದಕ್ಕೆ ತರಬೇಕೆಂದು ಊರಿನವರಿಗಾಗಿ ಒಂದು ಮನವಿ ಬರೆದುಕೊಟ್ಟೆ. ಹಳೆಯ ಮನವಿಯ ಪ್ರತಿ ಲಗತ್ತಿಸಿ, ತಾತ್ಕಾಲಿಕ ಎಂಬ ಪದದ ಕೆಳಗೆ ಗೆರೆ ಎಳೆದು, ಆ ಪದವನ್ನು ವಿಷಯದ ಸಾಲಿನಲ್ಲೇ ಸೇರಿಸಿದೆ. ಮಾಜಿ ಮೆಂಬರರು ಸಹಿ ಹಾಕಿಸಿದರು. ಈ ಸಲ ಕೆಲವರು ಓದಿಸಿಕೊಂಡೇ ಸಹಿ ಹಾಕಿದರಂತೆ. ವರ್ಷದ ಮೇಲಾಯಿತು. ಆಸ್ಪತ್ರೆ ತಿರುಗಿ ಬರಲಿಲ್ಲ. ವಾರದಲ್ಲಿ ಎರಡು ದಿನ ಡಾಕ್ಟರು ಆ ಊರಿಗೆ ಬಂದು ಹೋಗಬೇಕೆಂಬ ಆದೇಶ ಬಂತು. ಈಗ ಹೊಸ ಡಾಕ್ಟರೊಬ್ಬರು ಬರುತ್ತಾರೆ.

ಹೋದ ತಿಂಗಳು ಅರಕಲಗೂಡಿನ ಬಸ್ ಸ್ಟ್ಯಾಂಡಿನಲ್ಲಿ ಆ ಗೌಡತಿ ಸಿಕ್ಕರು. ಹಿಂಡಿಯ ಚೀಲದ ಮೇಲೆ ಕೂತಿದ್ದರು. ನಾನೇ ಹೋಗಿ ಮಾತಾಡಿಸಿದೆ. ಹೇಗಿದೆ ಅಮ್ಮ, ಡಾಕ್ಟರು ಬರ್ತಾರಾ ಎಂದೆ.

"ಬತ್ತಾನೆ. ಮಂಗ್ಳಾರ, ಸುಕ್ರಾರ."

"ಒಳ್ಳೇದಾಯ್ತಲ್ಲ."

ಅವರು ಸುತ್ತ ನೋಡಿ, ದನಿ ತಗ್ಗಿಸಿದರು. "ಕೇಳಿದ್ ಮ್ಯಾಕೆ ಇಷ್ಟ್ ಸಲೀಸಾಗಿ ಎರಡ್ ದಿನ ಕೊಟ್ಟವ್ರೆ ಅಂದ್ರೆ, ಇದ್ರಾಗೂ ಏನೋ ಐತೆ ಕಣವ್ವ. ನೀನು ಓದಿರೋಳು, ವಸಿ ಇಚಾರ್ಸು."

ವಿಚಾರಿಸುತ್ತೇನೆ ಎಂದೆ. ಅವರ ಬಸ್ಸು ಬಂತು. ಚೀಲವನ್ನು ಒಂದು ಕಡೆಯಿಂದ ಹಿಡಿದು ಹತ್ತಿಸಿದೆ. ನನ್ನ ಬಸ್ಸು ಬರುವವರೆಗೆ ಅಲ್ಲೇ ನಿಂತು, ಆ ಎರಡು ದಿನ ಮಂಗಳವಾರ ಮತ್ತು ಶುಕ್ರವಾರವೇ ಯಾಕೆ ಎಂದು ಯೋಚಿಸುತ್ತಿದ್ದೆ.